ಬಾಗಿಲ ಬೆಟ್ಟಕ್ಕೆ ಆ ಹೆಸರು ಬಂದಿದ್ದು

ಇದನ್ನ ಯಾರ ಹತ್ರಾನೂ ಹೇಳ್ಬಾರ್ದು ಅಂತ ಅಬಾಯ್ ನನ್ನಿಂದ ಮಾತು ತಗೊಂಡಿದ್ರು. ಅಬಾಯ್ ಅಂದ್ರೆ ನಮ್ಮ ಕಡೆ ಅಜ್ಜಿ. ಕಾಫಿ ಬೀಜ ಹುರೀತಾ ಶುರು ಮಾಡಿದ್ರು, ಎರಡನೇ ಸುತ್ತಿನ ಕಾಫಿ ಬಗ್ಗಿಸೋ ಹೊತ್ತಿಗೆ ಮುಗಿಸಿದ್ರು, ಮೂರನೇ ಸುತ್ತು ಕುಡಿಯುವಾಗ 'ಇದು ನಿನ್ನ ಹೊಟ್ಟೇಲೇ ಇರ್ಲಿ' ಅಂದ್ರು. ಎರಡು ವರ್ಷ ಇಟ್ಕೊಂಡಿದ್ದೆ. ಈಗ ಬೆಟ್ಟದ ಬುಡದಲ್ಲಿ ಹೊಸ ಬೋರ್ಡ್ ಹಾಕಿದಾರೆ. ಅದರಲ್ಲಿ ಬರೆದಿರೋದು ನಿಜ ಅಲ್ಲ. ಶಾಲೆಗೆ ಹೋಗ್ತಾ ದಿನಾ ಅದನ್ನ ಓದಬೇಕು, ಬರ್ತಾ ಇನ್ನೊಂದ್ಸಲ ಓದಬೇಕು. ಓದೋದು ಬಿಡೋಕೆ ನನಗೆ ಬರಲ್ಲ, ಅಕ್ಷರ ಕಂಡ್ರೆ ಕಣ್ಣು ಅಲ್ಲೇ ಹೋಗುತ್ತೆ. ಹಾಗಾಗಿ ಹೇಳ್ತಿದೀನಿ. ಇದಕ್ಕೆ ಮುಂಚೆ ಯಾರಿಗೂ ಹೇಳಿಲ್ಲ, ಹಿಂದೆ ಮುಂದೆ ಆದ್ರೆ ಬೇಜಾರು ಮಾಡ್ಕೋಬೇಡಿ.

ನಮ್ಮ ಊರು ಅದಿ ಹರಾಯ. ಮೆಂದೆಫೆರಾದಿಂದ ದಕ್ಷಿಣಕ್ಕೆ ಹೋಗೋ ಬಸ್ಸಲ್ಲಿ ಬಂದು, ಕಳ್ಳಿಹಣ್ಣು ಮಾರೋ ಹೆಂಗಸರು ಕೂತಿರೋ ತಿರುವಲ್ಲಿ ಇಳಿದು, ಒಂದು ಗಂಟೆ ನಡೀಬೇಕು. ನಾಡಿನ ಹೆಸರು ಸೆರಾಯೆ. ಎರಿಟ್ರಿಯಾದ ಎತ್ತರದ ನಾಡಲ್ಲಿ ತಿಗ್ರಿನ್ಯ ಮಾತಾಡೋರ ಹಳೇ ಪ್ರಾಂತ್ಯಗಳು ಅಂದ್ರೆ ಹಮಾಸಿಯೆನ್, ಅಕೆಲೆ ಗುಜಾಯ್, ಸೆರಾಯೆ. ಈಗಿನ ಭೂಪಟದಲ್ಲಿ ಮೂರೂ ಇಲ್ಲ. ನಾನು ಹುಟ್ಟೋಕ್ಕೆ ಮುಂಚೆನೇ ಹಳೇ ಗೆರೆ ಅಳಿಸಿ ಬೇರೆ ಗೆರೆ ಎಳೆದ್ರು, ನಮ್ಮದಕ್ಕೆ ಬರೀ 'ದಕ್ಷಿಣ' ಅಂತ ಹೆಸರಿಟ್ರು. ಪರೀಕ್ಷೇಲಿ ಸೆರಾಯೆ ಅಂತ ಬರೆದ್ರೆ ಮಾರ್ಕ್ಸ್ ಕಟ್. ಮನೇಲಿ ದಕ್ಷಿಣ ಅಂದ್ರೆ ಅಬಾಯ್ 'ಯಾವುದರ ದಕ್ಷಿಣ?' ಅಂತ ಕೇಳ್ತಾರೆ.

ಊರಿನ ಹಿಂದೆ ಒಂದು ಬೆಟ್ಟ ಇದೆ. ಅದರ ಹೆಸರು ಇಂಬಾ ಮಾತ್ಸೊ, ಅಂದ್ರೆ ಬಾಗಿಲ ಬೆಟ್ಟ. ಅರ್ಧ ಬೆಟ್ಟ ಹತ್ತಿದ್ರೆ ಒಂದು ಮಟ್ಟಸ ಜಾಗ ಸಿಗುತ್ತೆ. ಅಲ್ಲಿ ಒಂದು ಬಾಗಿಲು ನಿಂತಿದೆ. ಮನೆ ಇಲ್ಲ, ಬರೀ ಬಾಗಿಲು. ಎರಡು ಕಡೆ ಆಳೆತ್ತರದ ಕಲ್ಲಿನ ಕಂಬ, ಮೇಲೆ ಒಂದು ಅಡ್ಡಕಲ್ಲು, ನಡುವೆ ಕಾಡು ಆಲಿವ್ ಮರದ ಹಲಗೆಗಳು, ಮಳೆ ಬಿಸಿಲು ತಿಂದು ಬೂದಿ ಬಣ್ಣಕ್ಕೆ ಬಂದಿವೆ. ಬಾಗಿಲು ಮುಚ್ಚಿದೆ. ಬೇಕಾದ್ರೆ ಪಕ್ಕದಿಂದ ಸುತ್ತಿ ಹಿಂದಕ್ಕೆ ಹೋಗಬಹುದು, ತಡೆಯೋಕೆ ಗೋಡೆನೇ ಇಲ್ಲ, ಆದ್ರೆ ನಮ್ಮೂರವರು ಯಾರೂ ಹೋಗಲ್ಲ. ಏಳು ವರ್ಷಕ್ಕೊಂದ್ಸಲ ಊರಿನ ಮೂರು ಜನ ಹಿರಿಯರು ಅಲ್ಲಿಗೆ ಹತ್ತಿ, ಬಾಗಿಲ ಮುಂದೆ ನಿಂತು ಮೂರು ಸಲ ಕೂಗಿ, ಹೊಸ್ತಿಲ ಹತ್ರ ಒಂದು ಕಲ್ಲು ಇಟ್ಟು ಇಳಿದು ಬರ್ತಾರೆ. ಬೋರ್ಡಲ್ಲಿ ಏನಿದೆ ಅಂದ್ರೆ, ಹಿಂದೆ ಒಮ್ಮೆ ಇಲ್ಲಿ ಒಬ್ಬ ಸನ್ಯಾಸಿ ಲೋಕ ಬೇಡ ಅಂತ ಬಾಗಿಲು ಹಾಕ್ಕೊಂಡು ದೇವರ ಧ್ಯಾನಕ್ಕೆ ಕೂತರು, ಊರವರು ಕರೆದ್ರೂ ಹೊರಗೆ ಬರಲಿಲ್ಲ ಅಂತ. ಓದೋಕೆ ಚೆನ್ನಾಗಿದೆ. ಆದ್ರೆ ಆ ಬಾಗಿಲ ಹಿಂದೆ ಇದ್ದಿದ್ದು ಸನ್ಯಾಸಿ ಅಲ್ಲ. ಲೋಕ ಬೇಡ ಅಂದಿದ್ದೂ ಒಳಗಿದ್ದೋರಲ್ಲ.

ಹಿಂದೆ, ಇಟಲಿಯವರು ಸಮುದ್ರದ ಕಡೆಯಿಂದ ಮೇಲಕ್ಕೆ ಹತ್ತಿ ಬರೋಕ್ಕಿಂತ ಎಷ್ಟೋ ಮುಂಚೆ, ನಮ್ಮೂರಲ್ಲಿ ಹೊಲ ಯಾರ ಸ್ವಂತದ್ದೂ ಆಗಿರಲಿಲ್ಲವಂತೆ. ಎಲ್ಲಾ ಊರಿಂದು. ಏಳು ವರ್ಷಕ್ಕೊಂದ್ಸಲ ಎಲ್ಲವನ್ನೂ ಒಟ್ಟು ಸೇರಿಸಿ, ಒಳ್ಳೇದು ಕೆಟ್ಟದ್ದು ಸಮ ಆಗೋ ಹಾಗೆ ಪಾಲು ಮಾಡಿ, ಚೀಟಿ ಎತ್ತಿದ ಹಾಗೆ ಎತ್ತಿ ಮನೆಗಿಷ್ಟು ಅಂತ ಹಂಚ್ತಿದ್ರು. ಸೆರಾಯೆಲಿ ಒಂದೊಂದು ಸೀಮೆಗೆ ಒಂದೊಂದು ಕಟ್ಟಳೆ ಇತ್ತು, ಬರೆದಿದ್ದಲ್ಲ, ಬಾಯಲ್ಲಿ ಹೇಳ್ಕೊಂಡು ಬಂದಿದ್ದು. ನಮ್ಮೂರ ಕಟ್ಟಳೆ ಹೀಗಿತ್ತು: ಊರಲ್ಲಿ ಹುಟ್ಟಿದವರ ಮನೆಗೆಲ್ಲ ಪಾಲು ಉಂಟು. ಹೊರಗಿಂದ ಬಂದವರಿಗೆ ಇಲ್ಲ, ಅವರು ಅತಿಥಿಗಳು, ಯಾರೂ ಮಾಡದ ಜಾಗದಲ್ಲಿ ಬೆಳ್ಕೊಂಡು ತಿನ್ನಬಹುದು ಅಷ್ಟೆ. ಆದ್ರೆ ಅವರು ನಲವತ್ತು ವರ್ಷ ಒಲೆ ಆರದ ಹಾಗೆ ಊರಲ್ಲಿ ಬಾಳಿದ್ರೆ, ಆಮೇಲೆ ಬರೋ ಹಂಚಿಕೇಲಿ ಅವರೂ ಊರಿನವರೇ. ಅವರು ಮಾಡಿದ ಜಾಗ ಅವರ ಕೈಲೇ ಉಳಿಯುತ್ತೆ. ನಲವತ್ತು ತುಂಬೋ ತನಕ ಅದನ್ನ ಯಾರೂ ಮುಟ್ಟಲ್ಲ, ತುಂಬಿದ ಮೇಲಿನ ಹಂಚಿಕೇಲಿ ಪಾಲು ಸಿಗದೇ ಇದ್ರೆ ಆ ಜಾಗನೂ ಊರಿನ ರಾಶಿಗೆ ಸೇರಿ ಬೇರೆಯವರಿಗೆ ಹೋಗುತ್ತೆ.

ಹಂಚಿಕೆಗೆ ಹಿಂದಿನ ದಿನ ಮನೆಗಳ ಎಣಿಕೆ. ಅವತ್ತು ಬೆಳಿಗ್ಗೆ ಊರಲ್ಲಿ ಒಂದು ಬಾಗಿಲೂ ತೆರೆಯೋ ಹಾಗಿಲ್ಲ. ತೆರೆದ ಬಾಗಿಲು ಪಾಳು ಮನೇದೂ ಆಗಿರಬಹುದಲ್ಲ, ಅದಕ್ಕೆ. ಮೂರು ಹಿರಿಯರು ಚರ್ಮದ ಚೀಲ ಹಿಡ್ಕೊಂಡು ಮನೆ ಮನೆ ಮುಂದೆ ನಿಂತು ಯಜಮಾನನ ಹೆಸರು ಹಿಡಿದು 'ಇಂಥವರ ಮನೆಯವ್ರೇ' ಅಂತ ಕೂಗಬೇಕು. ಒಳಗಿಂದ 'ಇದ್ದೀವಿ' ಅಂತ ಓಗೊಡಬೇಕು. ಆಗ ಚೀಲಕ್ಕೆ ಒಂದು ಕಲ್ಲು ಬೀಳುತ್ತೆ, ಬಾಗಿಲು ತೆರೆಯುತ್ತೆ, ಹಿರಿಯರಿಗೆ ಒಂದು ಬಟ್ಟಲು ಮನೇಲಿ ಮಾಡಿದ ಸಾರಾಯಿ. ನಲವತ್ತು ಮನೆ ಆಗೋ ಹೊತ್ತಿಗೆ ಎಣಿಸೋರ ಕಾಲು ನೆಟ್ಟಗಿರ್ತಿರಲಿಲ್ಲ ಅಂತ ಅಬಾಯ್ ನಗ್ತಾರೆ. ಮೂರು ಸಲ ಕೂಗಿದ್ರೂ ಓಗೊಡದೇ ಇದ್ರೆ ಅದು ಆರಿದ ಮನೆ. ಕಲ್ಲು ಇಲ್ಲ, ಪಾಲು ಇಲ್ಲ, ಮತ್ತೆ ಏಳು ವರ್ಷ ಅದರ ಮಾತೇ ಇಲ್ಲ. ಇನ್ನೊಂದು ಕಟ್ಟಳೆ, ಒಳಗಿಂದ ಅಗಳಿ ಹಾಕಿದ ಬಾಗಿಲನ್ನ ಹೊರಗಿನವರು ಒಡೆಯೋ ಹಾಗಿಲ್ಲ. ರಾಜನೇ ಬಂದ್ರೂ ಸರಿ.

ಆ ಕಾಲದಲ್ಲಿ ಮೆರೆಬ್ ಹೊಳೆಯ ಆಚೆಯಿಂದ ಗಿಲಾಯ್ ಅನ್ನೋನು ಮದುವೆಯಾದ ಹೊಸದರಲ್ಲಿ ಹೆಂಡತೀನ ಕರ್ಕೊಂಡು ನಮ್ಮೂರಿಗೆ ಬಂದ. ಹೆಂಡತಿ ಹೆಸರು ಲೆತೆಂಕಿಯೆಲ್. ಊರವರು ಅವರಿಗೆ ತೋರಿಸಿದ್ದು ಈ ಬೆಟ್ಟ. ಆಗ ಇದಕ್ಕೆ ಒಣಬೆಟ್ಟ ಅಂತಿದ್ರು. ಕಲ್ಲು, ಕಳ್ಳಿ, ಆಡು ಕೂಡ ಜಾರೋ ಇಳಿಜಾರು. ಗಂಡ ಹೆಂಡತಿ ಮಟ್ಟಸ ಜಾಗ ನೋಡಿ ಕಲ್ಲಿನ ಗೋಡೆ, ಮಣ್ಣಿನ ಮಾಳಿಗೆಯ ಮನೆ ಕಟ್ಕೊಂಡ್ರು. ಆಮೇಲೆ ಮನೆಯ ಕೆಳಗಿನ ಇಳಿಜಾರಿಗೆ ಅಡ್ಡಡ್ಡ ಕಲ್ಲಿನ ಕಟ್ಟೆ ಕಟ್ಟೋಕೆ ಶುರು ಮಾಡಿದ್ರು. ಗಿಲಾಯ್ ಕಲ್ಲು ಕೂರಿಸ್ತಿದ್ದ, ಅವಳು ಬೆಟ್ಟದ ಬುಡದ ಹಳ್ಳದ ಮಣ್ಣನ್ನ ಬೆನ್ನ ಮೇಲೆ ಹೊತ್ತು ತಂದು ಕಟ್ಟೆ ಹಿಂದೆ ತುಂಬ್ತಿದ್ಲು. ಒಂದು ಕಟ್ಟೆಗೆ ಮೂರು ವರ್ಷ, ಕೆಲವಕ್ಕೆ ನಾಲ್ಕು. ಹೀಗೆ ಹನ್ನೊಂದು ಮೆಟ್ಟಿಲ ಹೊಲ ಆಯ್ತು. ಅಷ್ಟು ದೊಡ್ಡ ಊರಲ್ಲಿ ಎಲ್ಲರ ಬಾರ್ಲಿ ಒಣಗಿದ ವರ್ಷಾನೂ ಆ ಹನ್ನೊಂದು ಮೆಟ್ಟಿಲು ಹಸಿರಾಗಿರ್ತಿತ್ತು ಅಂತಾರೆ.

ಅದಕ್ಕೊಂದು ಕೆಲಸದ ರೀತಿ ಇತ್ತು. ಒಂದೊಂದು ಕಟ್ಟೇಲೂ ಒಂದು ತೂಬು ಬಿಟ್ಟು ಅದಕ್ಕೆ ಕಲ್ಲು ಮುಚ್ಚಿದ್ರು. ದೊಡ್ಡ ಮಳೆ ಬಂದಾಗ ನೀರು ನಿಂತು ಕಟ್ಟೆ ಒಡೀಬಾರದು ಅಂದ್ರೆ ತೂಬು ತೆಗೀಬೇಕು. ಮೊದಲು ಎಲ್ಲಕ್ಕಿಂತ ಕೆಳಗಿಂದು, ಆಮೇಲೆ ಅದರ ಮೇಲಿಂದು, ಹಾಗೇ ಹತ್ತುತ್ತಾ ಹೋಗಿ ಕೊನೇಲಿ ಮೇಲಿನ ಮೆಟ್ಟಿಲಿಂದು. ಆಗ ಮೇಲಿನ ನೀರು ಇಳಿಯೋ ಹೊತ್ತಿಗೆ ಕೆಳಗೆ ದಾರಿ ಆಗಿರುತ್ತೆ. ಈ ಕೆಲಸ ಲೆತೆಂಕಿಯೆಲ್‌ದೇ. ಮೋಡ ಕಪ್ಪಾದ ತಕ್ಷಣ ಬಿಳಿ ಶಾಲು ಸೊಂಟಕ್ಕೆ ಬಿಗಿದು ಬುಡಕ್ಕೆ ಓಡ್ತಿದ್ಲು, ಮಳೇಲಿ ನೆನೀತಾ ಮೇಲಕ್ಕೆ ಹತ್ತುತ್ತಿದ್ಲು. ಊರವರು ಕೆಳಗೆ ದಾಯ್ರೊ ಮರದ ಹತ್ರ ನಿಂತು, ದಾಯ್ರೊ ಅಂದ್ರೆ ಅತ್ತಿಯ ಜಾತಿ ದೊಡ್ಡ ಮರ, ಊರ ಸಭೆ ಕೂರೋದು ಅದರ ಕೆಳಗೇನೆ, 'ನೋಡ್ರಿ, ಎಲ್ಲರೂ ಮಳೆಗೆ ಮನೆಗೆ ಓಡಿದ್ರೆ ಇವಳು ಮನೆ ಬಿಟ್ಟು ಓಡ್ತಾಳೆ' ಅಂತ ನಗ್ತಿದ್ರು. ಯಾಕೆ ಹಾಗೆ ಮಾಡ್ತೀಯ ಅಂತ ಮೂವತ್ತೆಂಟು ವರ್ಷದಲ್ಲಿ ಒಬ್ಬರೂ ಕೇಳಲಿಲ್ಲ.

ಮೂವತ್ತೆಂಟನೇ ವರ್ಷ ಗಿಲಾಯ್ ತೀರ್ಕೊಂಡ. ಮಕ್ಕಳಿರಲಿಲ್ಲ. ಚರ್ಚ್ ಹಿಂದೆ ಹೂಳಿದ್ರು, ಊರೆಲ್ಲ ಬಂದು ಅತ್ತಿತು, ನಲವತ್ತನೇ ದಿನದ ಊಟಕ್ಕೂ ಬಂತು. ಊರವರು ಕೆಟ್ಟವರಲ್ಲ, ಅದನ್ನ ಹೇಳಬೇಕು. ಲೆತೆಂಕಿಯೆಲ್ ಒಲೆ ಆರಿಸಲಿಲ್ಲ. ಎರಡು ವರ್ಷ ಒಬ್ಬಳೇ ಉತ್ತಳು, ಒಬ್ಬಳೇ ತೂಬು ತೆಗೆದ್ಲು. ನಲವತ್ತು ತುಂಬಿತು. ಅದೇ ವರ್ಷ ಹಂಚಿಕೆ ಬಂತು.

ಆಗ ಊರ ಯಜಮಾನ ಉಕ್ಬಾಯ್. ಕಟ್ಟಳೆಯೆಲ್ಲ ಬಾಯಿಪಾಠ ಇದ್ದಿದ್ದು ಅವನೊಬ್ಬನಿಗೇನೆ, ಒಂದು ಮಾತು ಆಚೀಚೆ ಆಗದ ಹಾಗೆ ಹೇಳ್ತಿದ್ದ. ಲೆತೆಂಕಿಯೆಲ್ ಅವನ ಹತ್ರ ಹೋಗಿ, ಈ ಸಲ ಎಣಿಕೇಲಿ ನನ್ನ ಹೆಸರು ಹಿಡಿದು ಕೂಗಿ ಅಂದ್ಲು. ಉಕ್ಬಾಯ್‌ಗೆ ಅವಳು ಏನು ಕೇಳ್ತಿದಾಳೆ ಅಂತಾನೇ ಮೊದಲು ಹೊಳೀಲಿಲ್ಲವಂತೆ. ನಮ್ಮಲ್ಲಿ ವಯಸ್ಸಾದ ಹೆಂಗಸನ್ನ ಅದೆಯ್, ಅಂದ್ರೆ ಅಮ್ಮ, ಅಂತ ಕರೆದ್ರೆ ಸಾಕು. ಅಪ್ಪನ ಮನೆ ಬಿಟ್ಟ ಮೇಲೆ ಹೆಸರು ಬೇಕಾಗೋದೇ ಇಲ್ಲ. ಹೆಂಗಸಿನ ಹೆಸರನ್ನ ಬಾಗಿಲಲ್ಲಿ ನಿಂತು ಕೂಗಿದ್ದು ಅವನಿಗೆ ಗೊತ್ತಿದ್ದ ಕಟ್ಟಳೇಲಿ ಎಲ್ಲೂ ಇರಲಿಲ್ಲ. ಇಲ್ಲ ಅಂತಾನೂ ಇರಲಿಲ್ಲ, ಉಂಟು ಅಂತಾನೂ ಇರಲಿಲ್ಲ. ಯಾರೂ ಯೋಚನೆ ಮಾಡಿರಲಿಲ್ಲ ಅಷ್ಟೆ.

ಬೇರೆ ದಾರಿ ಎರಡಿತ್ತು. ಗಿಲಾಯ್ ಹೆಸರು ಕೂಗಿದ್ರೆ ಅವಳು ಓಗೊಡಬಹುದು. ಆದ್ರೆ ಸತ್ತವನ ವರ್ಷ ಮೂವತ್ತೆಂಟಕ್ಕೆ ನಿಂತುಹೋಯ್ತು. ನಲವತ್ತು ತುಂಬಲ್ಲ, ಅತಿಥಿಯ ಮನೆ ಅಂತ ಕರುಣೆಯಿಂದ ಅರ್ಧ ಪಾಲು ಕೊಡ್ತಾರೆ, ಅದೂ ಒಂದು ಸಲ. ಇಲ್ಲ ಅಂದ್ರೆ ಊರಿನ ಗಂಡಸೊಬ್ಬ ಅವತ್ತು ಬೆಳಿಗ್ಗೆ ಅವಳ ಮನೆಯೊಳಗೆ ಕೂತು ಓಗೊಡಬಹುದು. ಊರಿನ ವಿಧವೆಯರ ಮನೇಲಿ ಮೈದುನನೋ ಅಣ್ಣನೋ ಹಾಗೆ ಕೂತ್ಕೊಳ್ತಿದ್ರು. ಆದ್ರೆ ಓಗೊಟ್ಟವನ ಹೆಸರೇ ಮನೆಗೆ. ಎಣಿಸೋ ಹಿರಿಯರಲ್ಲಿ ಇನ್ನೊಬ್ಬ ಝೆರಾಯ್, ತಮಾಷೆಯ ಮನುಷ್ಯ, 'ಬೇಕಾದ್ರೆ ನಾನೇ ಒಳಗೆ ಕೂತು ಓಗೊಟ್ಟು, ಹೊರಗೆ ಓಡಿ ಬಂದು ಕಲ್ಲೂ ಹಾಕ್ತೀನಿ, ಸಾರಾಯಿ ಎರಡು ಬಟ್ಟಲು ಕೊಡಬೇಕು' ಅಂದನಂತೆ. ಸಭೆ ನಕ್ಕಿತು. ಅವಳೂ ನಕ್ಕಳು. ನಕ್ಕು, ಮತ್ತೆ ಅದೇ ಮಾತು ಕೇಳಿದ್ಲು. ಮೂರು ಸಲ ಸಭೆ ಕೂತಾಗಲೂ ದಾಯ್ರೊ ಮರದ ನೆರಳಿನ ಅಂಚಲ್ಲಿ, ಹೆಂಗಸರು ಕೂರೋ ಕಡೆ ಕೂತು, ಅದೇ ಮಾತು. ಮಕ್ಕಳಿಲ್ಲ, ನಾಳೆ ನೀನು ಹೋದ್ರೆ ಪಾಲು ಯಾರಿಗೆ, ಇಷ್ಟು ಹಟ ಯಾಕೆ ಅಂತ ಯಾರೋ ಕೇಳಿದ್ರು. ನಾನು ಸತ್ತ ಮೇಲೆ ಊರೇ ತಗೊಳ್ಳಲಿ, ಬದುಕಿರೋವರೆಗೂ ಅತಿಥಿ ಅನ್ನಿಸ್ಕೊಳ್ಳೋಕೆ ಆಗಲ್ಲ, ನಲವತ್ತು ವರ್ಷ ಮಣ್ಣು ಹೊತ್ತ ಬೆನ್ನು ಅತಿಥೀದಲ್ಲ ಅಂದ್ಲು.  ಉಕ್ಬಾಯ್, ಕಟ್ಟಳೇಲಿ ಇಲ್ಲದ್ದನ್ನ ನಾನು ಹುಟ್ಟಿಸೋಕೆ ಆಗಲ್ಲ ಅಂದ. ಇದನ್ನ ಅಬಾಯ್ ಹೇಳುವಾಗ ನನಗೆ ಹಲ್ಲು ಕಡಿಯೋ ಹಾಗಾಯ್ತು. ಯಾರೋ ಒಬ್ಬರು ಹುಟ್ಟಿಸಿದ್ದೇ ತಾನೆ ಕಟ್ಟಳೆ?

ಎಣಿಕೆಯ ದಿನ ಬಂತು. ಹಿರಿಯರು ಊರೆಲ್ಲ ಮುಗಿಸಿ ಕೊನೇಲಿ ಬೆಟ್ಟ ಹತ್ತಿದ್ರು. ಊರಿನ ಅರ್ಧ ಜನ ಹಿಂದೆ ಹತ್ತಿದ್ರು, ಏನಾಗುತ್ತೆ ನೋಡೋಕೆ. ಮನೆ ಮಾಳಿಗೆಯಿಂದ ಹೊಗೆ ನೆಟ್ಟಗೆ ಏಳ್ತಿತ್ತು. ಬಾಗಿಲು ಮುಚ್ಚಿತ್ತು. ಉಕ್ಬಾಯ್ ಕೂಗಿದ.

"ಗಿಲಾಯ್ ಮನೆಯವ್ರೇ."

"ಗಿಲಾಯ್ ಚರ್ಚ್ ಹಿಂದೆ ಮಲಗಿದಾನೆ, ಅಬೋಯ್ ಉಕ್ಬಾಯ್," ಅಂತ ಒಳಗಿಂದ ಬಂತು. ಅಬೋಯ್ ಅಂದ್ರೆ ಅಪ್ಪ, ಹಿರಿಯರನ್ನ ಹಾಗೇ ಕರೆಯೋದು. "ನೀವೇ ಮಣ್ಣು ಹಾಕಿದ್ರಿ, ಮರೆತ್ರಾ?"

ಝೆರಾಯ್ ಬಾಯಿಗೆ ಶಾಲು ಅಡ್ಡ ಹಿಡ್ಕೊಂಡ. ಉಕ್ಬಾಯ್ ಎರಡನೇ ಸಲ ಕೂಗಿದ, ಅದೇ ಹೆಸರು. 

"ಹೊಗೆ ಕಾಣ್ತಿದ್ಯಾ?" ಅಂದ್ಲು.

"ಕಾಣ್ತಿದೆ, ಅದೆಯ್."

"ಯಾರ ಒಲೇದು?"

ಉಕ್ಬಾಯ್ ಬಾಗಿಲಿಗೆ ಹತ್ರ ಹೋಗಿ ದನಿ ತಗ್ಗಿಸಿದ. ಇದು ಸಭೆಗೆ ಕೇಳಿಸದ ಹಾಗೆ ಆಡಿದ ಮಾತು, ಆದ್ರೂ ಏಳು ತಲೆಮಾರು ದಾಟಿ ಬಂದಿದೆ. "ಇದ್ದೀನಿ ಅಂತ ಒಂದು ಮಾತು ಅನ್ನಮ್ಮ. ಅರ್ಧ ಪಾಲಿಗೆ ಮೇಲಿನ ಆರು ಮೆಟ್ಟಿಲು ಬಿಡಿಸಿಕೊಡ್ತೀನಿ. ಯಾರ ಹೆಸರು ಕೂಗಿದ್ರೆ ಏನು?"

"ಹಾಗಾದ್ರೆ ನಂದೇ ಕೂಗಿ," ಅಂದ್ಲು ಅವಳು. "ಯಾರ ಹೆಸರಾದ್ರೆ ಏನು."

ಉಕ್ಬಾಯ್ ಮೂರನೇ ಸಲ ಬಾಯಿ ತೆರೆದ. ಅವಳ ಹೆಸರಿನ ಮೊದಲ ಅಕ್ಷರ ಅವನ ನಾಲಿಗೆವರೆಗೂ ಬಂದಿತ್ತು ಅಂತ ಕೆಲವರು ಹೇಳ್ತಾರೆ. ಅಬಾಯ್ ಕೇಳಿದ್ರೆ ಅದೂ ಬರಲಿಲ್ಲ ಅಂತಾರೆ, ಅವನು ಯೋಚನೆ ಮಾಡ್ತಿದ್ದಿದ್ದು ಇವತ್ತು ಇವಳ ಹೆಸರು ಕೂಗಿದ್ರೆ ಸಂಜೆಗೆ ಊರಿನ ವಿಧವೆಯರೆಲ್ಲ ಮರದ ಕೆಳಗೆ ಬಂದು ನಿಲ್ತಾರಲ್ಲ ಅಂತ. ಕೊನೆಗೆ ಅವನು ಕೂಗಿದ್ದು ಗಿಲಾಯ್ ಹೆಸರೇ.  ಓಗೊಡೋ ಬದಲು ಒಳಗಿಂದ ಮರದ ಅಗಳಿ ಹಾಕಿದ ಸದ್ದು ಬಂತು. ಝೆರಾಯ್ ಕೈಲಿ ಕಲ್ಲು ಹಿಡ್ಕೊಂಡೇ ಇದ್ದ. "ಉಕ್ಬಾಯ್, ಹೊಗೆ ಬರ್ತಾ ಇದೆ ಕಣೋ," ಅಂದ, ಈ ಸಲ ತಮಾಷೆಗಲ್ಲ. ಉಕ್ಬಾಯ್ ಚೀಲದ ಬಾಯಿ ಕಟ್ಟಿದ.

ಮಾರನೇ ದಿನ ಹಂಚಿಕೆ ಆಯ್ತು. ಹನ್ನೊಂದು ಮೆಟ್ಟಿಲು ಹನ್ನೊಂದು ಮನೆಗೆ ಹೋಯ್ತು. ಎಲ್ಲಕ್ಕಿಂತ ಮೇಲಿನ ಮೆಟ್ಟಿಲು ಉಕ್ಬಾಯ್‌ಗೇ ಬಂತು. ಮೋಸ ಏನೂ ಆಗಲಿಲ್ಲ, ದಾರೀಲಿ ಹೋಗ್ತಿದ್ದ ಪರವೂರಿನ ಉಪ್ಪಿನ ವ್ಯಾಪಾರಿ ಕೈಲಿ ಎತ್ತಿಸಿದ್ರು, ಹಾಗೇ ಬಂತು. ಲೆತೆಂಕಿಯೆಲ್ ಮನೆ ಖಾಲಿ ಮಾಡಿ ಅಂತ ಯಾರೂ ಹೇಳಲಿಲ್ಲ, ಊರಿಂದ ಹಿಟ್ಟು ಬೇಳೆ ಕಳಿಸಿದ್ರು. ಬಾಗಿಲ ಮುಂದೆ ಇಟ್ಟಿದ್ದು ಇಟ್ಟ ಹಾಗೇ ಇರ್ತಿತ್ತು, ಕೋತಿ ತಿಂತಿದ್ವು. ಹೊಲಕ್ಕೆ ಇಳಿಯೋ ಕಾಲುದಾರಿ ಇದ್ದಿದ್ದು ಅವಳ ಬಾಗಿಲ ಮುಂದೇನೇ, ಹೊಸಬರು ಅಲ್ಲಿಂದಾನೇ ಹೋಗಬೇಕು. ಎಲ್ಲರೂ ತಲೆ ತಗ್ಗಿಸಿ ಬೇಗ ದಾಟ್ತಿದ್ರು. ತೂಬಿನ ವಿಷಯ ಅವಳನ್ನ ಕೇಳಬೇಕು ಅಂತ ಒಬ್ಬಿಬ್ಬರಿಗೆ ಅನ್ನಿಸಿತ್ತಂತೆ. ಯಾವ ಮುಖ ಇಟ್ಕೊಂಡು ಕೇಳೋದು?

ಜುಲೈ ಮಳೆ ಬಂತು. ಒಂದು ಮಧ್ಯಾಹ್ನ ಬೆಟ್ಟದ ತಲೆ ಮೇಲೆ ಮೋಡ ಕೂತು ಬಿಡದೇ ಸುರೀತು. ಹನ್ನೊಂದು ಜನಾನೂ ಹತ್ತಿದ್ರು, ತೂಬು ತೆಗೀಬೇಕು ಅನ್ನೋದು ಎಲ್ಲರಿಗೂ ಗೊತ್ತಿತ್ತು. ಯಾವುದು ಮೊದಲು ಅನ್ನೋದು ಗೊತ್ತಿರಲಿಲ್ಲ. ನಮ್ಮೂರಲ್ಲಿ ಯಾವುದಕ್ಕೂ ಒಂದು ಕ್ರಮ ಇದೆ. ರೊಟ್ಟಿ ಮುರಿಯೋದು ಹಿರಿಯರು ಮೊದಲು, ನೇಗಿಲು ಹೂಡೋದು ಹಿರಿಯರು ಮೊದಲು, ಮಾತಾಡೋದಂತೂ ಸರಿಯೇ ಸರಿ. ಮಳೇಲಿ ನೆನೀತಾ ನಿಂತ ಹತ್ತು ಜನ 'ಅಬೋಯ್ ಉಕ್ಬಾಯ್ ತೆಗೀದೆ ನಾವು ಹೇಗೆ ತೆಗೆಯೋದು' ಅಂತ ಕಾದ್ರು. ಉಕ್ಬಾಯ್ ತೆಗೆದ, ಎಲ್ಲಕ್ಕಿಂತ ಮೇಲಿನ ಮೆಟ್ಟಿಲಿಂದು. ಆ ನೀರು ತುಂಬಿ ನಿಂತಿದ್ದ ಎರಡನೇ ಮೆಟ್ಟಿಲಿಗೆ ಬಿತ್ತು. ಎರಡನೆಯವನು ಬಗ್ಗಿ ಕಲ್ಲಿಗೆ ಕೈ ಹಾಕೋದ್ರೊಳಗೆ ಅವನ ಕಟ್ಟೇನೇ ಹೋಯ್ತು. ಆಮೇಲೆ ಮೂರು, ನಾಲ್ಕು, ಐದು. ಒಂದು ಮಣ್ಣಿನ ಜೆಬೆನಾ ಹೂಜೀಲಿ ಕಾಫಿ ಕುದಿಯೋವಷ್ಟು ಹೊತ್ತು ಅಂತಾರೆ ಅಬಾಯ್. ಮೂವತ್ತೆಂಟು ವರ್ಷ ಕಟ್ಟಿದ್ದು. ಕಲ್ಲು ಮಣ್ಣು ಎಲ್ಲಾ ಒಟ್ಟಾಗಿ ಇಳಿದು ಕೆಳಗೆ ನಮ್ಮೂರಿನ ಬಾರ್ಲಿ ಹೊಲನೂ ಮುಚ್ಚಿತು, ನೀರು ತರೋ ಊಟೆಬಾವಿನೂ ಮುಚ್ಚಿತು. ದೇವರ ದಯೆ, ಯಾರ ಜೀವಾನೂ ಹೋಗಲಿಲ್ಲ.

ಮಳೆ ನಿಂತ ಮೇಲೆ ಊರೆಲ್ಲ ಅವಳ ಮನೆ ಮುಂದೆ ಸೇರಿತು. ಯಾರೂ ಕರೆದಿರಲಿಲ್ಲ, ಕಾಲು ಅಲ್ಲಿಗೇ ಹೋಯ್ತು. ಮಾಳಿಗೆ ಮೇಲೆ ಹೊಗೆ ಇರಲಿಲ್ಲ. ನಿನ್ನೆ ಇತ್ತಾ ಅಂತ ಒಬ್ಬರನ್ನೊಬ್ಬರು ಕೇಳಿದ್ರು. ನಾನು ನೋಡಿಲ್ಲ, ನೀನು ನೋಡಿರ್ತೀಯ ಅಂದ್ಕೊಂಡೆ ಅಂತ ಎಲ್ಲರೂ ಅಂದ್ರು. ಝೆರಾಯ್ ಅಭ್ಯಾಸಬಲದಿಂದ 'ಗಿಲಾಯ್ ಮನೆಯವ್ರೇ' ಅಂತ ಶುರು ಮಾಡಿದ, ಉಕ್ಬಾಯ್ ಅವನ ತೋಳು ಹಿಡಿದ. ಮೈಯೆಲ್ಲ ಕೆಸರು, ಒಂದು ಕಾಲಲ್ಲಿ ಚಪ್ಪಲಿ ಇಲ್ಲ, ಹಾಗೇ ಬಾಗಿಲ ಮುಂದೆ ಹೋಗಿ ನಿಂತು, ಊರೆಲ್ಲ ಕೇಳೋ ಹಾಗೆ ಕೂಗಿದ.

"ಲೆತೆಂಕಿಯೆಲ್ ಮನೆಯವ್ರೇ."

ಕಾದ. ಎರಡನೇ ಸಲ ಕೂಗಿದ, ಇನ್ನೂ ಜೋರಾಗಿ. ಮೂರನೇದಕ್ಕೆ ದನಿ ಒಡೆದಿತ್ತು ಅಂತಾರೆ. ಮೂರಾದ ಮೇಲೆ ಕೂಗೋ ಹಾಗಿಲ್ಲ, ಕಟ್ಟಳೆ, ಆದ್ರೆ ಅವನು ಸಂಜೆವರೆಗೂ ಕೂಗಿದನಂತೆ, ಕಟ್ಟಳೆಯೆಲ್ಲ ಬಾಯಿಪಾಠ ಇದ್ದ ಮನುಷ್ಯ. ಬಾಗಿಲು ತಳ್ಳಿ ನೋಡಿದ್ರು, ಅಗಳಿ ಒಳಗಿಂದ ಹಾಕಿತ್ತು. ಒಡೆಯೋ ಹಾಗಿಲ್ಲ. ಅದೊಂದನ್ನ ಮುರಿಯೋಕೆ ಯಾರಿಗೂ ಧೈರ್ಯ ಬರಲಿಲ್ಲ, ಅವಳೇ ತೆಗೀಲಿ ಅಂತ ಕಾದ್ರು. ಉಕ್ಬಾಯ್ ಚೀಲಕ್ಕೆ ಹಾಕಬೇಕಿದ್ದ ಕಲ್ಲನ್ನ ಹೊಸ್ತಿಲ ಮೇಲೆ ಇಟ್ಟು ಇಳಿದ. ಆಮೇಲೆ ಪ್ರತಿ ಎಣಿಕೇಲೂ ಹಿರಿಯರು ಹಾಗೇ ಅವಳ ಹೆಸರು ಕೂಗಿ ಕಲ್ಲಿಡೋದು ರೂಢಿ ಆಯ್ತು. ಅವನ ಮೊಮ್ಮಕ್ಕಳ ಕಾಲಕ್ಕೆ ಮಾಳಿಗೆ ಕುಸೀತು, ಗೋಡೆ ಬಿತ್ತು, ಒಳಗೆ ಕಾಣಿಸಿತು. ಒಲೆಯ ಮೂರು ಕಲ್ಲು, ಒಂದು ಬೀಸೋ ಕಲ್ಲು. ಮನುಷ್ಯರ ಗುರುತು ಏನೂ ಇಲ್ಲ. ಅಗಳಿ ಮಾತ್ರ ಒಳಗಿಂದ ಹಾಕಿದ ಹಾಗೇ ಇತ್ತು. ಹೇಗೆ ಹೋದ್ಲು, ಯಾವಾಗ ಹೋದ್ಲು, ಅದು ಅಬಾಯ್‌ಗೂ ಗೊತ್ತಿಲ್ಲ. ಮಾಳಿಗೆಯ ಹೊಗೆಗಂಡಿಯಿಂದ ಹತ್ತಿ ಮೆರೆಬ್ ದಾಟಿ ತೌರಿಗೆ ಹೋದ್ಲು ಅಂತ ಕೆಲವರು ಹೇಳ್ತಾರೆ. ನಾನು ಅದನ್ನೇ ನಂಬ್ತೀನಿ.

ಬೆಟ್ಟಕ್ಕೆ ಹೆಸರು ಬಂದಿದ್ದು ಹೀಗೆ. ಮೊದಲು ಅದು ಲೆತೆಂಕಿಯೆಲ್ ಬಾಗಿಲಾಗಿತ್ತು. ಆದ್ರೆ ಆ ಹೆಸರು ಎತ್ತಿದ್ರೆ ಯಾರಾದ್ರೂ ಚಿಕ್ಕವರು 'ಅವಳು ಯಾರು' ಅಂತ ಕೇಳ್ತಿದ್ರು, ಹೇಳಬೇಕಾಗ್ತಿತ್ತು. ಅದಕ್ಕೆ ಜನ ಹೆಸರು ನುಂಗಿ 'ಬಾಗಿಲ ಹತ್ರ ಆಡು ಮೇಯ್ತಿದೆ', 'ಬಾಗಿಲ ಕಡೆ ಮಳೆ ಬಂತು' ಅಂತ ಶುರು ಮಾಡಿದ್ರು. ಹಾಗೇ ಬೆಟ್ಟಕ್ಕೆಲ್ಲ ಬಾಗಿಲು ಅಂತ ಆಯ್ತು. ಅಂದ್ರೆ ಈ ಹೆಸರು ಇರೋದೇ ಅವಳ ಹೆಸರು ಹೇಳಬಾರದು ಅಂತ. ಹಿರಿಯರ ಕೂಗಲ್ಲಿ ಅವಳ ಹೆಸರು ಅಬಾಯ್‌ರ ಅಜ್ಜಿಯ ಕಾಲದವರೆಗೂ ಇತ್ತಂತೆ. ಆಮೇಲೆ ಯಾರೋ ಸನ್ಯಾಸಿ ಕತೆ ಕಟ್ಟಿದ್ರು, ಸನ್ಯಾಸಿಗಳನ್ನ ಕರೆಯೋ ಹಾಗೆ 'ಅಬ್ಬಾ' ಅಂತ ಕೂಗೋಕೆ ಶುರು ಮಾಡಿದ್ರು. ಈಗ ಹೊಲ ಸರ್ಕಾರದ್ದು, ಹಂಚಿಕೆನೂ ಇಲ್ಲ ಎಣಿಕೆನೂ ಇಲ್ಲ, ಕೂಗು ಮಾತ್ರ ಉಳಿದಿದೆ. ಹೆಂಗಸರು ಮಾತ್ರ ಬಾಯಿಂದ ಬಾಯಿಗೆ ಹೇಳ್ಕೊಂಡು ಬಂದ್ರು, ಅದೂ ಮನೆಯೊಳಗೆ, ಅದೂ ಯಾರಿಗೂ ಹೇಳಬೇಡ ಅಂತ ಹೇಳ್ಕೊಂಡು.

ನಮ್ಮ ಮನೇಲಿ ಯಾಕೆ ಹೇಳಬಾರದು ಅಂದ್ರೆ, ನಮ್ಮಲ್ಲಿ ಮಕ್ಕಳಿಗೆ ಏಳು ತಲೆಮಾರಿನ ಅಪ್ಪಂದಿರ ಹೆಸರು ಬಾಯಿಪಾಠ ಮಾಡಿಸ್ತಾರೆ. ನಾನು ಐದು ವರ್ಷಕ್ಕೇ ತಪ್ಪಿಲ್ಲದೇ ಒಪ್ಪಿಸ್ತಿದ್ದೆ, ಬಂದವರ ಮುಂದೆಲ್ಲ ನಿಲ್ಲಿಸಿ ಹೇಳಿಸ್ತಿದ್ರು. ನನ್ನ ಅಪ್ಪ, ಅವನ ಅಪ್ಪ, ಅವನ ಅಪ್ಪ, ಹಾಗೇ ಹೋಗಿ ಏಳನೇ ಹೆಸರು ಉಕ್ಬಾಯ್. ಆ ಏಳರಲ್ಲಿ ಒಂದು ಹೆಂಗಸಿನ ಹೆಸರೂ ಇಲ್ಲ. ಅಬಾಯ್‌ರದ್ದೂ ಇಲ್ಲ.

ಈ ವರ್ಷ ಏಳನೇ ವರ್ಷ. ಹೋದ ತಿಂಗಳು ಮೂರು ಹಿರಿಯರು ಹತ್ತಿದ್ರು, ಮುಂದೆ ಇದ್ದಿದ್ದು ನನ್ನ ದೊಡ್ಡ ತಾತ, ಅಬೋಯ್ ತೆವೆಲ್ದೆ. ನೋಡೋಕೆ ಮೆಂದೆಫೆರಾದಿಂದಾನೂ ಜನ ಬಂದಿದ್ರು. ಈಗ ನೀವು ಹೋದ್ರೆ ಏನು ನೋಡ್ತೀರ ಅಂದ್ರೆ, ಅದೇ ಬೂದಿ ಬಣ್ಣದ ಬಾಗಿಲು, ಹೊಸ್ತಿಲಲ್ಲಿ ಕಲ್ಲಿನ ರಾಶಿ. ಹಿರಿಯರು ಇಟ್ಟಿದ್ದು ಸ್ವಲ್ಪವೇ, ಉಳಿದಿದ್ದೆಲ್ಲ ಬಂದವರದ್ದು. ಸನ್ಯಾಸಿ ಹೆಸರಲ್ಲಿ ಒಂದು ಕಲ್ಲಿಟ್ರೆ ಪರೀಕ್ಷೆ ಪಾಸಾಗುತ್ತಂತೆ, ನನ್ನ ಕ್ಲಾಸಿನವರು ಇಟ್ಟಿದಾರೆ. ಕೆಳಗಿನ ಇಳಿಜಾರಲ್ಲಿ ಗಮನ ಇಟ್ಟು ನೋಡಿದ್ರೆ ಅಲ್ಲಲ್ಲಿ ನೆಟ್ಟಗೆ ಕೂತ ಕಲ್ಲಿನ ಸಾಲು ಕಾಣುತ್ತೆ. ಅದರ ಬಗ್ಗೆ ಬೋರ್ಡಲ್ಲಿ ಏನೂ ಇಲ್ಲ.

ಹತ್ತುವಾಗ ದಾರೀಲಿ ನಾನು ಅಬೋಯ್ ತೆವೆಲ್ದೆ ಪಕ್ಕ ನಡೆದು, ಸಣ್ಣ ದನೀಲಿ, ಇವತ್ತು ಅವರ ಸರಿಯಾದ ಹೆಸರು ಕೂಗ್ತೀರಾ ತಾತ ಅಂತ ಕೇಳಿದೆ. ಇಷ್ಟು ಕೇಳೋಕೆ ಬುಡದಿಂದ ಅರ್ಧ ಬೆಟ್ಟದವರೆಗೂ ಧೈರ್ಯ ಕೂಡಿಸಿದ್ದೆ. ಅವರು ನಿಂತು ನನ್ನ ಮುಖ ನೋಡಿದ್ರು. ಯಾರು ಹೇಳಿದ್ದು ಅಂತ ಕೇಳಲಿಲ್ಲ. ಅಂದ್ರೆ ಅವರಿಗೆ ಗೊತ್ತು. ಗೊತ್ತಿದ್ದೂ ಇಷ್ಟು ವರ್ಷ.

"ಓದೋ ಹುಡುಗಿ ನೀನು," ಅಂದ್ರು. "ಯಾವ ಪುಸ್ತಕದಲ್ಲಿದೆ ತೋರಿಸು, ಕೂಗ್ತೀನಿ."

ಯಾವ ಪುಸ್ತಕದಲ್ಲೂ ಇಲ್ಲ. ನಾನು ಹುಡುಕಿದೀನಿ. ಸೆರಾಯೆಯ ಯಜಮಾನರ ಹೆಸರಿದೆ, ಯುದ್ಧಗಳಿವೆ, ಯಾವ ಸೀಮೆ ಯಾರ ವಂಶ ಅಂತ ಪಟ್ಟಿ ಇದೆ. ನಾನು ಹಿಂದಕ್ಕೆ ಸರಿದೆ. ಅವರು ಮೂರು ಸಲ 'ಅಬ್ಬಾ' ಅಂತ ಕೂಗಿದ್ರು, ಕಲ್ಲಿಟ್ರು, ಜನ ಫೋಟೋ ತೆಗೆದ್ರು, ಎಲ್ಲರೂ ಊಟಕ್ಕೆ ಇಳಿದ್ರು. ನಾನು ಚಪ್ಪಲಿ ಸರಿ ಮಾಡ್ಕೊಳ್ಳೋಳ ಹಾಗೆ ಅಲ್ಲೇ ಕೂತೆ. ಕೊನೆಯವರ ಮಾತು ಕೆಳಗೆ ಕೇಳದ ಹಾಗೆ ಆದ ಮೇಲೆ ಎದ್ದು ಬಾಗಿಲ ಮುಂದೆ ನಿಂತೆ. ಉಕ್ಬಾಯ್ ನಿಂತ ಜಾಗ ಎಲ್ಲೋ ಅಲ್ಲೇ ಇರಬೇಕು.  ಆಮೇಲೆ ಕೂಗಿದೆ. ಲೆತೆಂಕಿಯೆಲ್ ಮನೆಯವ್ರೇ. ಬೆಟ್ಟದಲ್ಲಿ ನನ್ನ ದನಿ ನನಗೇ ಗುರುತು ಸಿಗದಷ್ಟು ದೊಡ್ಡದಾಗಿ ಕೇಳಿಸ್ತು. ಎರಡನೇ ಸಲ ಕೂಗಿದೆ. ಮೂರನೇ ಸಲ ಕೂಗಿ, ಬಾಗಿಲಿಗೆ ಕಿವಿ ಕೊಟ್ಟು, ಹಲಗೆಯ ಬಿಸಿ ಕೆನ್ನೆಗೆ ತಾಗ್ತಾ ನಿಂತೆ. ಬಾಗಿಲು ಮುಚ್ಚೇ ಇತ್ತು. ಯಾರೂ ಓಗೊಡಲಿಲ್ಲ.